ನಾಕಾ ಅಂದರೆ ಎಷ್ಟು

ಮಾಜಾಳಿ, ಕಾರವಾರ ತಾಲೂಕು
ಆದಿತ್ಯವಾರ, ೧೦ ನವೆಂಬರ್ ೨೦೨೪

ಪ್ರೀತಿಯ ವಿದ್ಯಾ,

ಗಂಟಲು ಹೇಗಿದೆ? ನೀನು ಬಾಯಿ ಬಿಟ್ಟು ಉತ್ತರ ಕೊಡಬಾರದು ಎಂದು ಗೊತ್ತಿದ್ದೇ ಕೇಳುತ್ತಿದ್ದೇನೆ. ಕೇಳದೆ ಕಾಗದ ಶುರುಮಾಡುವುದು ನನ್ನಿಂದಾಗದು. ನುಂಗುವಾಗ ನೋವು ಕಡಿಮೆಯಾಯಿತೇ? ಸುಡುಸುಡುವ ಚಹಾ ಕುಡಿಯುವ ಚಾಳಿ ಬಿಟ್ಟೆಯಾ? ನಿದ್ದೆ ಸರಿಯಾಗಿ ಬೀಳುತ್ತದೆಯೇ? ದೀಪಾ ದಿನಾ ಸಂಜೆ ಫೋನ್ ಮಾಡಿ ವರದಿ ಒಪ್ಪಿಸುತ್ತಾಳೆ. ಆದರೆ ನಮ್ಮ ಮಗಳು ನರ್ಸ್ ಆದಾಗಿನಿಂದ ಅವಳ ಬಾಯಲ್ಲಿ ಆಸ್ಪತ್ರೆಯ ಮಾತೇ ಬರುವುದು. ಅಮ್ಮ ಗಂಜಿ ಕುಡಿದಳು, ಅಮ್ಮ ಮಲಗಿದಳು, ಅಮ್ಮ ಚೆನ್ನಾಗಿ ಸಹಕರಿಸುತ್ತಿದ್ದಾಳೆ. ಮೂವತ್ತೆಂಟು ವರ್ಷ ನಿನ್ನ ಜೊತೆ ಸಂಸಾರ ಮಾಡಿದ ನನಗೆ, ನೀನು ಸಹಕರಿಸುತ್ತಿದ್ದೀಯ ಎಂದರೆ ಎಲ್ಲೋ ಏನೋ ಎಡವಟ್ಟಾಗಿದೆ ಎಂಬ ಅನುಮಾನವೇ ಬರುತ್ತದೆ.

ಮಡಗಾವು ಇಲ್ಲಿಂದ ಎಷ್ಟು ದೂರದ ಮಾತು? ಬೆಳಿಗ್ಗೆ ರೈಲು ಹತ್ತಿದರೆ ನಿನ್ನ ಮುಖ ನೋಡಿ ಮಧ್ಯಾಹ್ನದ ಊಟಕ್ಕೆ ಮನೆ ಸೇರಬಹುದು. ಆದರೆ ನಾನು ಆ ಕಡೆ ತಲೆ ಹಾಕಬಾರದು ಎಂದು ದೀಪಾ ಕಟ್ಟಪ್ಪಣೆ ಮಾಡಿದ್ದಾಳೆ. ಕಾರಣ ನಿನಗೆ ಗೊತ್ತೇ ಇದೆ. ಕಳೆದ ಆದಿತ್ಯವಾರ ಪಕ್ಕದ ಮನೆಯ ಕಾಮಿಯನ್ನು ಆಯಿಯ ಹತ್ತಿರ ಕೂರಿಸಿ ನಾನು ಪ್ರೀತಿಯಿಂದ ಬಂಗಡೆ ಕಟ್ಟಿಸಿಕೊಂಡು ಬಂದರೆ, ಆಪರೇಶನ್ ಆದ ಮೇಲೆ ಒಂದು ಶಬ್ದವನ್ನೂ ಆಡದೆ ಇದ್ದವಳು ನೀನು, ಪೊಟ್ಟಣ ಮೂಸಿ ನೋಡಿ, "ಇದು ಯಾವತ್ತಿನದು?" ಎಂದು ಕೇಳಿಯೇಬಿಟ್ಟೆ. ಡಾಕ್ಟರು ಕಾದಿಟ್ಟ ಮೊದಲ ಮಾತು ಹೀಗೆ ಮೀನಿನ ಪಾಲಾಯಿತು. ಅದಕ್ಕೆ ಶಿಕ್ಷೆ ಮಾತ್ರ ನನಗೆ. ನಾನು ಬಂದರೆ ನಿನಗೆ ಮಾತು ತಡೆಯುವುದಿಲ್ಲವಂತೆ, ಫೋನಿನಲ್ಲಿ ನನ್ನ ದನಿ ಕೇಳಿದರೂ ತಡೆಯುವುದಿಲ್ಲವಂತೆ. ವಾಟ್ಸಪ್ಪಿನಲ್ಲಿ ಬರೆಯಿರಿ ಎಂದಳು. ಕಂಬ ಹತ್ತಿ ತಂತಿ ಬಿಗಿದ ಈ ಬೆರಳಿಗೆ ಆ ಸಾಸಿವೆ ಕಾಳಿನಂಥ ಅಕ್ಷರಗಳು ಸಿಗುವುದಿಲ್ಲ. ಹಾಗಾಗಿ ಕಾಗದ. ನಮ್ಮ ಉಮೇಶ ದಿನಾ ಕೆಲಸಕ್ಕೆ ಗೋವಾಕ್ಕೆ ಹೋಗುವವನು, ನಾಳೆ ದೀಪಾಳ ಮನೆಗೆ ಮುಟ್ಟಿಸುತ್ತೇನೆ ಎಂದಿದ್ದಾನೆ. ಮದುವೆಗೆ ಮುಂಚೆ ನಿನಗೆ ಬರೆದದ್ದು ಬಿಟ್ಟರೆ ಇಷ್ಟು ಉದ್ದದ ಕಾಗದ ನಾನು ಬರೆದದ್ದಿಲ್ಲ. ನಗಬೇಡ, ಗಂಟಲಿಗೆ ಪೆಟ್ಟು.

ಇಲ್ಲಿ ಎಲ್ಲ ಸೌಖ್ಯ. ಆಯಿಗೆ ಮೊಣಕಾಲಿನ ನೋವು ಇದ್ದದ್ದೇ, ಬಾಯಿಗೆ ಮಾತ್ರ ಯಾವ ರೋಗವೂ ಇಲ್ಲ. ಬುಧವಾರ ತುಳಸಿ ಲಗ್ನ. ಕಟ್ಟೆಗೆ ಸುಣ್ಣ ಬಳಿದಿದ್ದೇನೆ, ಕಬ್ಬು ಪೇಟೆಯಿಂದ ತರಬೇಕು. ನೀನಿಲ್ಲದೆ ಹಬ್ಬ ಮಾಡುವುದು ನನಗೆ ಬೇಜಾರು, ಆದರೆ ಬಿಡುವ ಹಾಗಿಲ್ಲ. ನಿನ್ನ ಧಾರಾವಾಹಿಯವರು ನಿನಗೆ ರಜೆ ಕೊಟ್ಟ ಮೇಲೆ ಕತೆಯಲ್ಲಿ ನಿನ್ನ ಅಜ್ಜಿ ಪಾತ್ರವನ್ನು ಕಾಶಿಯಾತ್ರೆಗೆ ಕಳಿಸಿಬಿಟ್ಟಿದ್ದಾರೆ. ಆಯಿ ದಿನಾ ಟೀವಿಯ ಮುಂದೆ ಕುಳಿತು, ಈ ಮನೆ ಹಾಳಾಗುತ್ತಿದೆ, ಅಜ್ಜಿ ಯಾವಾಗ ಬರುತ್ತಾಳೆ ಎಂದು ನನ್ನನ್ನು ಕೇಳುತ್ತಾಳೆ. ನಿನ್ನ ಸೊಸೆ ಮಡಗಾವಿನಲ್ಲಿದ್ದಾಳೆ, ಕಾಶಿಯಲ್ಲಲ್ಲ ಎಂದರೆ, ಅದು ನನಗೆ ಗೊತ್ತು, ನಾನು ಕೇಳಿದ್ದು ಟೀವಿಯವಳನ್ನು ಎಂದು ನನ್ನನ್ನೇ ದಡ್ಡನ ಲೆಕ್ಕಕ್ಕೆ ಸೇರಿಸುತ್ತಾಳೆ.

ಇನ್ನು ಬರೆಯಬೇಕಾದ ವಿಷಯಕ್ಕೆ ಬರುತ್ತೇನೆ. ಕುಳಿತೇ ಓದು. ಮಂಗಳವಾರ ಬೆಳಿಗ್ಗೆ ನಾನು ಅಂಗಳದಲ್ಲಿ ಸುಣ್ಣದ ಕೈಯಲ್ಲಿದ್ದೆ. ಒಳಗೆ ಫೋನ್ ಹೊಡೆದುಕೊಂಡಿತು. ನಿನ್ನ ಮೊಬೈಲು ಬಂದ್ ಇರುವುದರಿಂದ ಮನೆಯ ಹಳೇ ಫೋನಿಗೇ ಮಾಡಿದ್ದರು. ಆಪರೇಶನ್ನಿಗೆ ಮುಂಚೆ ಅಂಕೋಲೆಯಲ್ಲಿ ಶೂಟಿಂಗ್ ಮುಗಿಸಿಕೊಟ್ಟು ಬಂದೆಯಲ್ಲ, ಮದುವೆ ಮನೆಗಳಲ್ಲಿ ಸೋಬಾನೆ ಹಾಡುವ ಮುದುಕಿಯ ಸಿನೆಮಾ, ಅವರದೇ ಫೋನು. ಮಾತಾಡಿದವನು ಅಜಯ, ನಿರ್ದೇಶಕಿಯ ಕೈಕೆಳಗೆ ಓಡಾಡಿಕೊಂಡಿದ್ದ ಬೆಂಗಳೂರಿನ ಹುಡುಗ. ಅವನು ಕೇಳಿದ್ದು ಏನೆಂದು ಆಮೇಲೆ ಅವನಿಂದಲೇ ತಿಳಿದುಕೊಂಡೆ. ಸಿನೆಮಾದಲ್ಲಿ ಮುದುಕಿಗೆ ನಾಲ್ಕು ಹಾಡಿವೆ, ಮೇಡಂ ಆರಾಮಾದ ಮೇಲೆ ತಮ್ಮ ದನಿಯಲ್ಲೇ ಎಷ್ಟು ಹಾಡಬಹುದು, ಒಂದಾದರೂ ಹಾಡಿಯಾರೇ ಎಂದು ಕೇಳಿದನಂತೆ. ಫೋನ್ ಎತ್ತಿದ್ದು ಆಯಿ. ನನಗೆ ಅಂಗಳಕ್ಕೆ ಕೇಳಿಸಿದ್ದು ಅವಳದೊಂದೇ ಶಬ್ದ, "ನಾಕಾ." ಅವನು ಮತ್ತೇನೋ ಕೇಳಿದನೆಂದು ಕಾಣುತ್ತದೆ. ಆಯಿ ಇನ್ನೂ ಗಟ್ಟಿಯಾಗಿ, ಮಾಜಾಳಿಯ ಬಂದರಿನವರೆಗೆ ಕೇಳುವ ಹಾಗೆ, "ನಾಕಾ, ನಾಕಾ" ಎಂದು ಹೇಳಿ ಫೋನ್ ಕುಕ್ಕಿದಳು.

ನಮ್ಮ ಮನೆಯ ಕೊಂಕಣಿಯಲ್ಲಿ ನಾಕಾ ಅಂದರೆ ಬೇಡ. ಅದು ನಮ್ಮ ಬೆಕ್ಕಿಗೂ ಗೊತ್ತು. ಸುಣ್ಣ ತೊಳೆದುಕೊಂಡು ಒಳಗೆ ಬಂದು, ಯಾರದು ಫೋನು, ಏನು ಹೇಳಿದೆ ಎಂದು ಕೇಳಿದರೆ, ಸಿನೆಮಾದವರದು, ನಾಕಾ ಅಂದೆ ಎಂದು ತೊಗರಿಕಾಳು ಆರಿಸುತ್ತ ಕುಳಿತಳು. ಹಾಡಿಸಿ ನಿನಗೆ ತೊಂದರೆ ಕೊಡುವುದು ಬೇಡ ಎಂದು ಅತ್ತೆ ಸೊಸೆಯ ಪರವಾಗಿ ಹೇಳಿದ್ದಾಳೆ, ಒಳ್ಳೆಯದೇ ಆಯಿತು ಎಂದು ನಾನೂ ಸುಮ್ಮನಾದೆ. ಒಂದು ತಾಸು ಕಳೆದಿರಲಿಕ್ಕಿಲ್ಲ, ನನ್ನ ಮೊಬೈಲಿಗೆ ಅಜಯನ ಸಂದೇಶ ಬಂತು. ನಾಲ್ಕೂ ಹಾಡನ್ನು ಮೇಡಂ ಅವರೇ ಹಾಡಲು ಒಪ್ಪಿದ್ದು ಕೇಳಿ ಇಡೀ ತಂಡಕ್ಕೆ ಸಂತೋಷವಾಗಿದೆ, ಜನವರಿಯಲ್ಲಿ ಸ್ಟುಡಿಯೋ ನೋಡುತ್ತೇವೆ, ಅಜ್ಜಿಗೆ ನಮಸ್ಕಾರ ತಿಳಿಸಿ. ನನಗೆ ತಲೆಬುಡ ತಿಳಿಯಲಿಲ್ಲ. ನೀನೇ ಗುಟ್ಟಾಗಿ ಅವರಿಗೇನಾದರೂ ಬರೆದೆಯೋ ಎಂದುಕೊಂಡೆ. ಆಮೇಲೆ ಹೊಳೆಯಿತು. ಆಯಿ ನಾಕಾ ಅಂದಳು, ಕೊಂಕಣಿಯ ಗಂಧವಿಲ್ಲದ ಆ ಹುಡುಗ ನಾಕು ಎಂದು ಕೇಳಿಸಿಕೊಂಡ. ಒಬ್ಬನೇ ಜಗಲಿಯಲ್ಲಿ ಕುಳಿತು ನಗುತ್ತಿದ್ದ ನನ್ನನ್ನು ನೋಡಿ ಕಾಮಿ ಎರಡು ಸಲ ಇಣುಕಿ ಹೋದಳು.

ನೀನು ನಗುವ ಹಾಗಿಲ್ಲ ಮಾರಾಯ್ತಿ, ಮದುವೆಯಾಗಿ ಬಂದ ವಾರದಲ್ಲಿ ನೀನೂ ಇದೇ ಹಳ್ಳಕ್ಕೆ ಬಿದ್ದವಳು. ಅಂಕೋಲೆ ಅವರ್ಸಾದ ಕನ್ನಡದ ಮನೆಯ ಹುಡುಗಿಗೆ ಕೊಂಕಣಿ ಎಲ್ಲಿಂದ ಬರಬೇಕು? ಇನ್ನೂ ದೋಸೆ ಬೇಕಾ ಎಂದು ನೀನು ಕೇಳಿದೆ, ಆಯಿ ನಾಕಾ ಅಂದಳು, ನೀನು ಒಂದು ಎರಡು ಎಂದು ನಾಲ್ಕು ದೋಸೆ ಅವಳ ತಾಟಿಗೆ ಹಾಕಿದೆ. ಹೊಸ ಸೊಸೆಯ ಮನಸ್ಸು ನೋಯಬಾರದೆಂದು ಆಯಿ ಅಷ್ಟನ್ನೂ ತಿಂದು ಮಧ್ಯಾಹ್ನದ ಊಟ ಬಿಟ್ಟಳು. ಅಂದಿನಿಂದ ನಿಮ್ಮಿಬ್ಬರ ನಡುವೆ ಒಂದು ವಿಚಿತ್ರ ಪದ್ಧತಿ ಬೆಳೆದುಬಿಟ್ಟಿತು. ನೀನು ಕನ್ನಡದಲ್ಲಿ ಕೇಳುವುದು, ಅವಳು ಕೊಂಕಣಿಯಲ್ಲಿ ಹೇಳುವುದು. ನಿನಗೆ ಕೊಂಕಣಿ ಪೂರಾ ತಿಳಿಯುತ್ತದೆ, ಅವಳಿಗೆ ಕನ್ನಡ ಪೂರಾ ತಿಳಿಯುತ್ತದೆ, ಆದರೆ ತನ್ನ ಮಾತು ಬಿಟ್ಟುಕೊಡಲು ಇಬ್ಬರೂ ತಯಾರಿಲ್ಲ. ನಮ್ಮ ಮನೆಗೆ ಬಂದ ನೆಂಟರು ನೀವು ಜಗಳಾಡುತ್ತಿದ್ದೀರೋ ಮಾತಾಡುತ್ತಿದ್ದೀರೋ ಎಂದು ಕಂಗಾಲಾಗುವುದು ಇದಕ್ಕೇ.

ತಪ್ಪು ತಿದ್ದಬೇಕೆಂದು ಮೊಬೈಲು ಕೈಗೆತ್ತಿಕೊಂಡೆ. ಒತ್ತಲಿಲ್ಲ. ನಾಲ್ಕೂ ಹಾಡನ್ನು ಮೇಡಂ ಅವರೇ ಹಾಡುತ್ತಾರೆ ಎಂಬ ಸಾಲನ್ನು ಅಳಿಸಿಹಾಕಲು ಮನಸ್ಸಾಗಲಿಲ್ಲ, ಸುಳ್ಳೇ ಆದರೂ ಕಣ್ಣಿಗೆ ಚೆಂದ ಕಾಣುತ್ತಿತ್ತು. ನಿನ್ನನ್ನು ಮೊದಲು ನೋಡಿದ ದಿನ ನೆನಪಾಯಿತು. ಬಿಣಗಾ ಫ್ಯಾಕ್ಟರಿ ಕಾಲನಿಯ ದಸರಾ ಕಾರ್ಯಕ್ರಮ. ಕಾರವಾರದ ಆರ್ಕೆಸ್ಟ್ರಾ. ನೀನು ಎರಡನೇ ಹಾಡಿಗೆ ನಿಂತಾಗ ಮೈಕು ಸತ್ತಿತು. ಬೇರೆಯವರಾದರೆ ಇಳಿದು ಹೋಗುತ್ತಿದ್ದರು, ನೀನು ನಿಲ್ಲಿಸಲಿಲ್ಲ, ಹಿಂದಿನ ಸಾಲಿನ ಮಕ್ಕಳೂ ಗಲಾಟೆ ಬಿಟ್ಟು ಕೇಳಿದರು. ವಯರು ಸರಿಮಾಡಲು ಸ್ಟೇಜಿನ ಪಕ್ಕದ ಏಣಿ ಹತ್ತಿದ ಕಾಲನಿಯ ಇಲೆಕ್ಟ್ರಿಶಿಯನ್ ನಾನು. ಸರಿಮಾಡಿದ್ದು ಬೇಗ, ಇಳಿದದ್ದು ತಡವಾಗಿ. ನಿರೂಪಕ ನಿನ್ನನ್ನು ಕುಮಾರಿ ವಿದ್ಯಾ, ಅಂಕೋಲಾ ಎಂದು ಕರೆದ. ನಮ್ಮ ಮದುವೆಯಾದ ಮೇಲೂ ಹಾಗೆಯೇ ಕರೆದ. ದೀಪಾ ಹೊಟ್ಟೆಯಲ್ಲಿ ಏಳು ತಿಂಗಳಿರುವಾಗ ಸೀರೆಯ ಸೆರಗು ಹರಡಿಕೊಂಡು ನಿಂತ ನಿನ್ನನ್ನೂ ಕುಮಾರಿ ಎಂದೇ ಕರೆದು ಶಿರಸಿಯ ಕಾರ್ಯಕ್ರಮದಲ್ಲಿ ಹೆಂಗಸರು ಬಾಯಿಗೆ ಸೆರಗು ಹಚ್ಚಿ ನಗುವ ಹಾಗೆ ಮಾಡಿದ.

ದೀಪಾ ಹುಟ್ಟಿದ ಮೇಲೆ ಕೂಸನ್ನು ಮಡಿಲಲ್ಲಿ ಹಾಕಿಕೊಂಡು ಆರ್ಕೆಸ್ಟ್ರಾದ ಜೀಪಿನಲ್ಲಿ ನಿನ್ನ ಜೊತೆ ಊರೂರು ತಿರುಗಿದವಳು ಆಯಿ. ನೀನು ಎರಡು ಹಾಡಿನ ನಡುವೆ ಪರದೆಯ ಹಿಂದೆ ಓಡಿ ಬಂದು ಹಾಲು ಕುಡಿಸಿ ಹೋಗುತ್ತಿದ್ದೆ. ಗದ್ದೆ ನಾಟಿ ಬಿಟ್ಟರೆ ಬೇರೆ ಲೋಕ ನೋಡಿರದ ಹೆಂಗಸು, ಯಾವ ಹಾಡು ಮುಗಿಯಿತೆಂದರೆ ನೀನು ಬರುತ್ತೀಯ ಎಂದು ಪಾಠ ಮಾಡಿಕೊಂಡಿದ್ದಳು. ಆಮೇಲೆ ನೀನು ಮದರಾಸಿಗೆ ಕೋರಸ್ ಹಾಡಲು ಹೋಗುವುದು ಶುರುವಾಯಿತು. ಕೋರಸ್ಸಿನಲ್ಲಿ ಚೆನ್ನಾಗಿ ಹಾಡುವುದೆಂದರೆ ತನ್ನ ದನಿ ಬೇರೆಯಾಗಿ ಕೇಳದ ಹಾಗೆ ಹಾಡುವುದು ಎಂದು ನೀನೇ ನನಗೆ ವಿವರಿಸಿದ್ದೆ. ನನಗಂತೂ ನಿನ್ನ ದನಿ ಒಂದು ಸಲವೂ ಸಿಗಲಿಲ್ಲ. ಆಯಿ ಮಾತ್ರ ರೇಡಿಯೋಕ್ಕೆ ಕಿವಿ ಹಚ್ಚಿ, ನಾಯಕಿಯ ಹಿಂದೆ ಆ ಆ ಎನ್ನುವ ಗುಂಪಿನೊಳಗಿಂದ, ಇದು, ಇದು ನಮ್ಮವಳು ಎಂದು ಬೆರಳು ತೋರಿಸುತ್ತಿದ್ದಳು. ನಾನು ಮುಖ ಉಳಿಸಿಕೊಳ್ಳಲು ಹೌದು ಹೌದು ಎನ್ನುತ್ತಿದ್ದೆ.

ನಿನಗೆ ಪೂರ್ತಿ ಒಂದು ಹಾಡು ಸಿಕ್ಕಿದ ಸಿನೆಮಾ ಕಾರವಾರದಲ್ಲಿ ಒಂದು ವಾರ ಓಡಿತು, ಹಾಡು ಇಪ್ಪತ್ತು ವರ್ಷ ಓಡಿತು. ಸಿನೆಮಾದ ಹೆಸರು ಮರೆತವರೂ ಹಾಡಿನ ಪಲ್ಲವಿ ಮರೆಯಲಿಲ್ಲ. ಆಮೇಲೆ ನಿನ್ನ ಮುಖ ಪರದೆಗೆ ಬಂದದ್ದೂ ದನಿಯಿಂದಲೇ ಅಲ್ಲವೇ? ದೋಣಿ ಮುಳುಗಿದ ದೃಶ್ಯಕ್ಕೆ ಅಳುವ ದನಿ ಬೇಕೆಂದು ಕರೆದರು. ನಿನಗಿಂತ ಮುಂಚೆ ಕರೆದಿದ್ದ ಪೇಟೆಯ ಹುಡುಗಿಯರು ಕರವಸ್ತ್ರ ಹಿಡಿದು ಬಿಕ್ಕಿದರಂತೆ. ನೀನು ನಮ್ಮ ಕಡಲ ದಂಡೆಯ ಹೆಂಗಸರು ಅಳುವಂತೆ, ಸತ್ತವನನ್ನು ಹೆಸರು ಹಿಡಿದು ಕರೆದು, ಬೈದು, ನಿನ್ನ ಪಾಲಿನ ಅನ್ನ ಇನ್ನು ಯಾರಿಗೆ ಬಡಿಸಲಿ ಎಂದು ಕೇಳಿ ಅತ್ತೆ. ಗಾಜಿನ ಆಚೆ ಕುಳಿತ ನಿರ್ದೇಶಕರು ಎದ್ದು ಬಂದು, ಈ ದನಿಗೆ ಬೇರೆ ಮುಖ ಹೊಂದುವುದಿಲ್ಲ, ನೀವೇ ಬನ್ನಿ ಎಂದರು. ಹಾಗೆ ನೀನು ತಾಯಿಯಾದೆ. ನಿನಗಿಂತ ಎರಡು ವರ್ಷ ದೊಡ್ಡವನಾದ ಹೀರೋಗೆ ನೀನು ಕೂದಲಿಗೆ ಬಿಳಿ ಹಚ್ಚಿಕೊಂಡು ತುತ್ತು ತಿನ್ನಿಸಿದೆ. ಇಂಟರ್‌ವಲ್ಲಿಗೆ ಮುಂಚೆ ಸಾಯುವ ತ್ರಾಸು ನಿನಗೆ ಅಭ್ಯಾಸವಾಯಿತು. ನಾನು ಶಿಫ್ಟು ಬದಲಿಸಿಕೊಂಡು ನಿನ್ನ ಚೀಲ ಹೊತ್ತು ಬಸ್‌ಸ್ಟ್ಯಾಂಡಿನಲ್ಲಿ ನಿಂತದ್ದೇ ನನ್ನ ಕಲಾಸೇವೆ. ನನಗೆ ರಾಗವೂ ತಿಳಿಯದು, ನಟನೆಯೂ ತಿಳಿಯದು. ನನ್ನ ಹೆಂಡತಿ ಎಂಬ ಹೆಮ್ಮೆ ಮಾತ್ರ ಇತ್ತು, ಈಗಲೂ ಇದೆ, ಬರೆದುಬಿಡುತ್ತೇನೆ.

ಆದರೆ ಅಂಕೋಲೆಯ ಆ ಸನ್ಮಾನದ ದಿನವೂ ನೆನಪಾಯಿತು. ಅದನ್ನು ಎತ್ತಬಾರದು ಎಂದು ನೀನು ನನ್ನ ಬಾಯಿ ಕಟ್ಟಿದ್ದೀಯ, ಈಗ ನಿನ್ನ ಬಾಯಿಯೇ ಕಟ್ಟಿರುವುದರಿಂದ ಧೈರ್ಯ ಮಾಡುತ್ತಿದ್ದೇನೆ. ಊರಿನವರು ಕೇಳಿದರು ಎಂದು ಆ ಹಳೇ ಹಾಡು ಎತ್ತಿದೆ. ಕೊನೆಯ, ಎತ್ತರದ ದನಿಯ ಸಾಲಿಗೆ ಹೋದಾಗ ದನಿ ಒಡೆಯಿತು. ಉಳಿದದ್ದನ್ನು ಮಾತಿನಂತೆ ಹೇಳಿ ಮುಗಿಸಿದೆ. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಬಸ್ಸು ಬಿಣಗಾ ಮುಟ್ಟಿದಾಗ ನೀನು, "ಅದು ಕನಿಕರದ ಚಪ್ಪಾಳೆ, ಇನ್ನು ಸಾಕು" ಎಂದೆ. ಶ್ರುತಿ ಪೆಟ್ಟಿಗೆಯನ್ನು ಅವರ್ಸಾದ ಭಜನಾ ಮಂಡಳಿಗೆ ಕೊಟ್ಟು ಬಂದೆ. ಹನ್ನೆರಡು ವರ್ಷವಾಯಿತು, ಅಡುಗೆ ಮನೆಯಲ್ಲೂ ನೀನು ಒಂದು ಸಾಲು ಹಾಡಿಕೊಂಡದ್ದಿಲ್ಲ. ಹಬ್ಬದ ದಿನ ಊರಿನವರು ನಿನ್ನ ಕ್ಯಾಸೆಟ್ಟಿನ ಹಾಡುಗಳನ್ನು ಮೈಕಿಗೆ ಹಾಕಿದರೆ ನೀನು ಎದ್ದು ಕಿಟಕಿ ಮುಚ್ಚುತ್ತೀಯ. ಸಿನೆಮಾದಲ್ಲಿ ನಿನ್ನ ಪಾತ್ರಕ್ಕೆ ಹಾಡು ಬಂದರೆ ಯಾರೋ ಹಾಡುತ್ತಾರೆ, ನೀನು ತುಟಿ ಆಡಿಸುತ್ತೀಯ. ಜನ ಏನು ತಿಳಿದು ತಟ್ಟಿದರೋ ನನಗೆ ಗೊತ್ತಿಲ್ಲ ವಿದ್ಯಾ, ನಾನೂ ಅವತ್ತು ತಟ್ಟಿದೆನಲ್ಲ, ಅದು ಕನಿಕರವಲ್ಲ. ಒಡೆಯುತ್ತದೆ ಎಂದು ಗೊತ್ತಿದ್ದೂ ನೀನು ಆ ಸಾಲಿಗೆ ಕೈ ಹಾಕಿದೆ, ತಪ್ಪಿಸಿಕೊಂಡು ಕೆಳಗಿನಿಂದ ಹಾಡಬಹುದಿತ್ತು. ನಾನು ತಟ್ಟಿದ್ದು ಅದಕ್ಕೆ.

ಇಷ್ಟೆಲ್ಲ ಯೋಚಿಸಿ, ನ್ಯಾಯ ನ್ಯಾಯವೇ ಎಂದು ಕೊನೆಗೆ ಫೋನ್ ಮಾಡಿದೆ. ಅಜಯ ನನ್ನ ಮಾತು ಕೇಳಿ ಗಾಬರಿಯಾಗಿ ನಿರ್ದೇಶಕಿ ಭಾರತಿಗೇ ಕೊಟ್ಟ. ನಮ್ಮ ಆಯಿ ಕೊಂಕಣಿಯಲ್ಲಿ ಬೇಡ ಅಂದದ್ದು, ನಿಮ್ಮ ಹುಡುಗ ನಾಕು ಎಂದು ಕೇಳಿಸಿಕೊಂಡಿದ್ದಾನೆ, ತಪ್ಪಾಗಿದೆ ಎಂದು ಹೇಳಿದೆ. ಆ ಹುಡುಗಿ ಮೊದಲು ಜೋರಾಗಿ ನಕ್ಕಳು. ಆಮೇಲೆ, ಬೆಂಗಳೂರಿನ ಗಾಯಕಿಗೆ ಈಗಷ್ಟೇ ಬೇಡವೆಂದು ಹೇಳಿಬಿಟ್ಟೆ ಅಂಕಲ್ ಎಂದಳು. ಅವಳಿಗೆ ಈ ಆಸೆ ಹುಟ್ಟಿದ್ದು ನಿಮ್ಮ ಅವರ್ಸಾದ ಶೂಟಿಂಗಿನಲ್ಲೇ ಅಂತೆ. ಆ ಗಾಯಕಿಯ ದನಿ ಹಾಕಿ ನಿನ್ನ ಬಾಯಿ ಆಡಿಸುವಾಗ, ಮದುವೆ ಮನೆಯ ಹೆಂಗಸರ ನಡುವೆ ಕುಳಿತಿದ್ದ ನಿನ್ನ ಬಾಲ್ಯದ ಗೆಳತಿ ದುರ್ಗಿ, "ಇದೆಂತದೇ ವಿದ್ಯಾ, ಬಾಯಿ ನಮ್ಮೂರಿಂದು, ದನಿ ಯಾರದ್ದೋ ಪ್ಯಾಟಿ ಹುಡ್ಗೀದು" ಎಂದು ಎಲ್ಲರನ್ನೂ ನಗಿಸಿದಳಲ್ಲ, ನೀನೂ ನಕ್ಕೆ ಎಂದು ಬಂದು ನನಗೆ ಹೇಳಿದ್ದೆ. ಭಾರತಿ ನಗಲಿಲ್ಲವಂತೆ, ಅಂದಿನಿಂದ ಆ ಮಾತು ಅವಳ ತಲೆಯಲ್ಲಿ ಕೂತಿದೆಯಂತೆ. ಅವಳು ಹೇಳಿದ್ದನ್ನು ಹಾಗೆಯೇ ಬರೆಯುತ್ತೇನೆ, ನನ್ನದೇನೂ ಸೇರಿಸುವುದಿಲ್ಲ: "ಮೇಡಂಗೆ ಹೇಳಿ ಅಂಕಲ್, ನನಗೆ ಹಳೇ ಕ್ಯಾಸೆಟ್ಟಿನ ದನಿ ಬೇಡ. ಆ ಮುದುಕಿಗೆ ಎಪ್ಪತ್ತು ವರ್ಷ, ಊರಿನ ಮದುವೆಗಳಿಗೆಲ್ಲ ಹಾಡಿ ಹಾಡಿ ಗಂಟಲು ಸವೆದಿದೆ. ಒಡೆದರೆ ಒಡೆಯಲಿ, ಆ ಒಡೆದದ್ದೇ ನನಗೆ ಬೇಕು." ನನ್ನ ಮಾತನ್ನೂ ಆಯಿಯ ಮಾತನ್ನೂ ಅವಳು ತೆಗೆದುಕೊಳ್ಳುವುದಿಲ್ಲವಂತೆ. ನೀನೇ ಹೌದು ಅಥವಾ ಇಲ್ಲ ಹೇಳಬೇಕು. ಈ ತಿಂಗಳ ಕೊನೆಯ ತನಕ ಕಾಯುತ್ತಾಳೆ. ಆಮೇಲೆ ಬೆಂಗಳೂರಿನ ಹುಡುಗಿಯ ಕಾಲು ಹಿಡಿಯುವುದು ಅನಿವಾರ್ಯ ಎಂದಳು.

ಈಗ ದೀಪಾ ಹೇಳಿದ ಒಂದು ಸಂಗತಿ. ಇದನ್ನು ಬರೆದದ್ದಕ್ಕೆ ಅವಳ ಮೇಲೆ ಸಿಟ್ಟಾಗಬೇಡ. ಗುರುವಾರ ಡಾಕ್ಟರು ಗಂಟಲೊಳಗೆ ದುರ್ಬೀನು ಇಳಿಸಿ ನೋಡಿ, ಗಂಟು ತೆಗೆದ ಜಾಗ ಚೆನ್ನಾಗಿ ಮಾಯುತ್ತಿದೆ ಎಂದರಂತೆ. ದಿನಕ್ಕೆ ಎರಡು ಹೊತ್ತು ಬಾಯಿ ಮುಚ್ಚಿ ಮೆಲ್ಲಗೆ ಗುನುಗಬೇಕು, ಅದೇ ಈಗಿನ ಔಷಧ ಎಂದರಂತೆ. ನೀನು ಆವಿ ತೆಗೆದುಕೊಳ್ಳುತ್ತೀಯ, ಮಾತ್ರೆ ನುಂಗುತ್ತೀಯ, ಖಾರ ಬಿಟ್ಟಿದ್ದೀಯ, ಅದೊಂದನ್ನು ಮಾತ್ರ ಮಾಡುವುದಿಲ್ಲವಂತೆ. ದೀಪಾ ನೆನಪಿಸಿದರೆ ಕೈಸನ್ನೆಯಲ್ಲೇ ನಾಳೆ ನಾಳೆ ಎನ್ನುತ್ತೀಯಂತೆ. ಅವಳಿಗೆ ಇದು ಹಟದಂತೆ ಕಾಣುತ್ತದೆ, ನನಗೆ ಹಾಗೆ ಕಾಣುವುದಿಲ್ಲ. ಗುನುಗಿದರೆ ಒಳಗೆ ಏನು ಉಳಿದಿದೆ ಎಂದು ಗೊತ್ತಾಗಿಬಿಡುತ್ತದೆ, ನಿನಗೆ ಅದರ ಹೆದರಿಕೆ. ಸಿನೆಮಾದಲ್ಲಿ ಅಷ್ಟು ಸಲ ಸತ್ತವಳಿಗೆ ಒಂದು ಹೂಂ ಎನ್ನುವುದಕ್ಕೆ ಇಷ್ಟು ಹೆದರಿಕೆ. ಇದನ್ನು ಕುಚೋದ್ಯಕ್ಕೆ ಬರೆಯಲಿಲ್ಲ. ನಾನು ಅಲ್ಲಿರಬೇಕಿತ್ತು ಅನ್ನಿಸುತ್ತದೆ, ಪಕ್ಕದಲ್ಲಿ ಸುಮ್ಮನೆ ಕುಳಿತಿರುತ್ತಿದ್ದೆ.

ನನಗೆ ಏನು ಬೇಕು ಎಂದು ನೀನು ಯಾವತ್ತೂ ಕೇಳುವುದಿಲ್ಲ, ನಾನೇ ಹೇಳುತ್ತೇನೆ. ನೀನು ಭಾರತಿಗೆ ಹೌದು ಎಂದೇ ಹೇಳಬೇಕು ಎಂಬ ಹಟ ನನಗಿಲ್ಲ. ಹಾಡುವವಳು ನೀನು, ಗಂಟಲು ನಿನ್ನದು. ಆದರೆ ನಾಳೆ ಈ ಕಾಗದ ಓದಿದ ಮೇಲೆ ಒಂದು ಸಲ, ಬಾಗಿಲು ಹಾಕಿಕೊಂಡು, ದೀಪಾಗೂ ಕೇಳದ ಹಾಗೆ ಗುನುಗಿ ನೋಡು. ಚೆನ್ನಾಗಿ ಬಂದರೂ ಗುನುಗು, ಕೆಟ್ಟದಾಗಿ ಬಂದರೂ ಗುನುಗು. ಆಮೇಲೆ ಬೇಡ ಅನ್ನಿಸಿದರೆ ಧಾರಾಳವಾಗಿ ಬೇಡ ಅನ್ನು, ಭಾರತಿಗೆ ಹೇಳುವ ಕೆಲಸ ನನ್ನದು. ನೋಡದೆಯೇ ಬೇಡ ಅನ್ನುವುದು ಮಾತ್ರ ನನಗೆ ಸಮಾಧಾನವಿಲ್ಲ. ಕೆಟ್ಟ ಮೈಕನ್ನು ಬಿಚ್ಚಿ ನೋಡದೆ ಬಿಸಾಡಿದವನಲ್ಲ ನಾನು.

ಉಳಿದಂತೆ ವಿಶೇಷವೇನಿಲ್ಲ. ದೀಪಾಗೂ ಅಳಿಯನಿಗೂ ನನ್ನ ಹಾರೈಕೆಗಳನ್ನು ಸನ್ನೆಯಲ್ಲೇ ತಲುಪಿಸು. ಬಿಸಿ ನೀರು ಕುಡಿ, ತಂಗಾಳಿಗೆ ಕೂರಬೇಡ, ಟೀವಿಯಲ್ಲಿ ನಿನ್ನದೇ ಹಳೇ ಸಿನೆಮಾ ಬಂದರೆ ತಪ್ಪು ಹುಡುಕಬೇಡ. ಬೇಗ ಗುಣವಾಗಿ ಮನೆಗೆ ಬಾ, ಬಂದ ದಿನ ಎಷ್ಟು ಬೇಕಾದರೂ ಬೈ, ಕೇಳಿಸಿಕೊಳ್ಳಲು ಜಗಲಿಯಲ್ಲಿ ಜಾಗ ಮಾಡಿಟ್ಟಿದ್ದೇನೆ. ಆಯಿಯ ಆಶೀರ್ವಾದ ನಿನಗೆ ಸದಾ ಇದ್ದೇ ಇದೆ.

ನಿನ್ನ ಚೀಲ ಹೊರುವವನು,
ಮಧುಕರ

ತಾ.ಕ.: ಉಮೇಶ ಅಂಗಳದಲ್ಲಿ ಬೈಕು ಬಂದ್ ಮಾಡದೆಯೇ ನಿಂತಿದ್ದಾನೆ, ಅವಸರದಲ್ಲಿ ಬರೆಯುತ್ತಿದ್ದೇನೆ, ಅಕ್ಷರ ಹೊಂದಿಸಿಕೊಂಡು ಓದು. ಕವರು ಅಂಟಿಸುವ ಮೊದಲು ಆಯಿಗೆ ಕಾಗದ ಓದಿ ಹೇಳಿದೆ. ಅವಳು ಹೂಂಗುಟ್ಟುತ್ತ ಕೇಳುತ್ತಿದ್ದವಳು, ನಾನು ಭಾರತಿಗೆ ಫೋನ್ ಮಾಡಿ ತಿದ್ದಿದ ಕಡೆ ಬಂದಾಗ ಕೈಯೆತ್ತಿ ನಿಲ್ಲಿಸಿದಳು. ನಾನು ಹುಟ್ಟಿದಾಗಿನಿಂದ ನನ್ನ ಹತ್ತಿರ ಕೊಂಕಣಿ ಬಿಟ್ಟು ಬೇರೆ ಆಡದ ಆಯಿ, ನಿನಗೆ ಬರೆಯಲಿ ಎಂದೋ ಏನೋ, ಕನ್ನಡದಲ್ಲೇ ಹೇಳಿದಳು: "ಅವ ಕನ್ನಡದಲ್ಲಿ ಕೇಳ್ದಾ, ನಾನೂ ಕನ್ನಡದಲ್ಲೇ ಹೇಳ್ದೆ. ನಾಕು ಹಾಡು ಅದೆ, ಎಷ್ಟು ಹಾಡ್ತ್ರು ಅಂದಾ. ನಾಕಾ ಅಂದೆ, ನಾಕೂ ಹಾಡ್ಲಿ ಅಂತ. ಅವಂಗೆ ಸರೀ ಕೇಳಿತ್ತು. ನೀ ಎಂತಕ್ಕೆ ತಪ್ಪು ಅಂತ ಹೇಳೂಕೆ ಹೋದಿ?" ಹಲ್ಲಿಲ್ಲದ ಅವಳ ಬಾಯಲ್ಲಿ ನಾಕೂ ನಾಕಾವೂ ಒಂದೇ ಎಂದು ನನಗೆ ಹೊಳೆಯಲೇ ಇಲ್ಲ. ಈಗ ಮತ್ತೆ ಅವರಿಗೆ ಫೋನ್ ಹಚ್ಚು, ಇದ್ದದ್ದನ್ನು ಇದ್ದ ಹಾಗೆ ಹೇಳು ಎಂದು ಫೋನಿನ ಪಕ್ಕದಲ್ಲೇ ಕುಳಿತಿದ್ದಾಳೆ. ನೀನು ಹೇಳಿದ ಮೇಲೆಯೇ ಮಾಡುವುದು ಎಂದು ನಾನೂ ಕುಳಿತಿದ್ದೇನೆ. ಮಾಡಲೇ?